ಕಳ್ಬಪ್ಪಿನ ಮುನಿದ್ವಯ: ಒಂದು ಐತಿಹ್ಯದ ಪುನರ್ವಿಮರ್ಶೆಯ ಇತಿಹಾಸ

ಬೆಂಗಳೂರಿನಿಂದ ಪಶ್ಚಿಮಾಭಿಮುಖವಾಗಿ ಬರುವ ಯಾತ್ರಿಕನು ಹಿರೀಸಾವೆಯಲ್ಲಿ ಹೆದ್ದಾರಿಯನ್ನು ಬಿಟ್ಟು ಶ್ರವಣಬೆಳಗೊಳದ ದಾರಿ ಹಿಡಿದನೆಂದರೆ, ತೆಂಗಿನ ತೋಟಗಳನ್ನೂ ರಾಗಿಯ ಹೊಲಗಳನ್ನೂ ದಾಟಿ ಹೋಗುವಷ್ಟರಲ್ಲಿ, ದೊಡ್ಡಬೆಟ್ಟದ ನೆತ್ತಿಯ ಮೇಲೆ ನಿಂತ ಗೊಮ್ಮಟನ ದರ್ಶನವು ದೂರದಿಂದಲೇ ಲಭಿಸುತ್ತದೆ. ಆ ಭವ್ಯತೆಗೆ ಮನಸೋತ ಕಣ್ಣು ಎದುರಿನ ಚಿಕ್ಕಬೆಟ್ಟದ ಕಡೆಗೆ ಹೊರಳುವುದು ವಿರಳ. ಆದರೆ ಇತಿಹಾಸದ ಜಿಜ್ಞಾಸುವಿಗೆ ಚಿಕ್ಕಬೆಟ್ಟವೇ ಹಿರಿಯದು. ಚಾವುಂಡರಾಯನು ಹತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಗೊಮ್ಮಟನನ್ನು ಕಡೆಯಿಸುವುದಕ್ಕೆ ಮುನ್ನೂರು ವರ್ಷಗಳಿಗೂ ಹಿಂದೆಯೇ, ಕಟವಪ್ರವೆಂದು ಸಂಸ್ಕೃತದಲ್ಲಿಯೂ ಕಳ್ಬಪ್ಪು ಎಂದು ಕನ್ನಡದಲ್ಲಿಯೂ ಕರೆಯಿಸಿಕೊಂಡ ಈ ಗಿರಿಯು ಮುನಿಗಳ ಸಮಾಧಿಸ್ಥಾನವಾಗಿ ಪ್ರಸಿದ್ಧವಾಗಿದ್ದಿತು.

ಚನ್ನರಾಯಪಟ್ಟಣದ ಸೀಮೆಯಲ್ಲಿ ಹುಟ್ಟಿ ಬೆಳೆದವರೆಲ್ಲರೂ ಬಾಲ್ಯದಲ್ಲಿಯೇ ಕೇಳಿ ತಿಳಿದ ಕಥೆಯೊಂದುಂಟು: ಉತ್ತರದೇಶಕ್ಕೆ ಹನ್ನೆರಡು ವರ್ಷಗಳ ಕ್ಷಾಮವು ಬರಲಿರುವುದನ್ನು ನಿಮಿತ್ತಜ್ಞಾನದಿಂದರಿತ ಶ್ರುತಕೇವಲಿ ಭದ್ರಬಾಹುವು ಸಂಘಸಮೇತನಾಗಿ ದಕ್ಷಿಣಕ್ಕೆ ಹೊರಟನೆಂದೂ, ಮೌರ್ಯ ಸಮ್ರಾಟ ಚಂದ್ರಗುಪ್ತನು ಸಿಂಹಾಸನವನ್ನು ತೊರೆದು ದೀಕ್ಷೆಗೊಂಡು ಗುರುವನ್ನು ಹಿಂಬಾಲಿಸಿದನೆಂದೂ, ಗುರುವಿನ ಅಂತ್ಯಕಾಲದಲ್ಲಿ ಸೇವೆಗೈದು ತಾನೂ ಇದೇ ಬೆಟ್ಟದ ಮೇಲೆ ಸಲ್ಲೇಖನದಿಂದ ದೇಹವನ್ನು ತ್ಯಜಿಸಿದನೆಂದೂ ಆ ಕಥೆ ಹೇಳುತ್ತದೆ. ಚಂದ್ರಗಿರಿಯೆಂಬ ಹೆಸರು, ಚಂದ್ರಗುಪ್ತ ಬಸದಿ, ಭದ್ರಬಾಹುವಿನ ಗವಿ ಇವೆಲ್ಲವೂ ಆ ನಂಬಿಕೆಗೆ ಆಶ್ರಯವಾಗಿ ನಿಂತಿವೆ. ಈ ಐತಿಹ್ಯವನ್ನು ವಿದ್ವಾಂಸರು ಹೇಗೆ ಅಂಗೀಕರಿಸಿದರು, ಹೇಗೆ ಸಂದೇಹಿಸಿದರು, ಸಂದೇಹವನ್ನೂ ಹೇಗೆ ಮರುಪರೀಕ್ಷೆಗೆ ಒಡ್ಡಿದರು ಎಂಬುದನ್ನು ನಿರೂಪಿಸುವುದೇ ಈ ಲೇಖನದ ಉದ್ದೇಶ.

ಶಿಲೆಯ ಸಾಕ್ಷ್ಯ

ಈ ವಿಚಾರದಲ್ಲಿ ಅತ್ಯಂತ ಪ್ರಾಚೀನವಾದ ಸಾಕ್ಷ್ಯವು ಪಾರ್ಶ್ವನಾಥ ಬಸದಿಗೆ ಸಮೀಪದ ಬಂಡೆಯ ಮೇಲಿರುವ, ಸುಮಾರು ಕ್ರಿ. ಶ. 600ರ ಸಂಸ್ಕೃತ ಶಾಸನ. ಗೌತಮನಿಂದ ಮೊದಲುಗೊಂಡು ಆಚಾರ್ಯಪರಂಪರೆಯನ್ನು ಎಣಿಸುತ್ತ, ಆ ಸಾಲಿನಲ್ಲಿ ಭದ್ರಬಾಹುವನ್ನೂ ಆತನ ಅನಂತರದ ವಿಶಾಖಾದಿಗಳನ್ನೂ ಹೆಸರಿಸಿ, ಬಳಿಕ ಆ ಪರಂಪರೆಯಲ್ಲಿ ಬಂದ ಭದ್ರಬಾಹುಸ್ವಾಮಿಯು ಉಜ್ಜಯಿನಿಯಲ್ಲಿ ಹನ್ನೆರಡು ವರ್ಷಗಳ ವೈಷಮ್ಯವನ್ನು ಮುನ್ನುಡಿದನೆಂದೂ, ಸಂಘವೆಲ್ಲವೂ ಉತ್ತರಾಪಥದಿಂದ ದಕ್ಷಿಣಾಪಥಕ್ಕೆ ಹೊರಟು ಸಮೃದ್ಧವಾದ ಜನಪದವನ್ನು ಸೇರಿತೆಂದೂ ಅದು ತಿಳಿಸುತ್ತದೆ. ಕಡೆಯಲ್ಲಿ, ತನ್ನ ಆಯುಸ್ಸು ಅಲ್ಪವೆಂದರಿತ ಆಚಾರ್ಯನೊಬ್ಬನು ಸಂಘವನ್ನು ಬೀಳ್ಕೊಟ್ಟು, ಒಬ್ಬನೇ ಶಿಷ್ಯನನ್ನು ಇರಿಸಿಕೊಂಡು, ಕಟವಪ್ರದ ತಣ್ಣನೆಯ ಶಿಲೆಗಳ ಮೇಲೆ ದೇಹವನ್ನು ತೊರೆದನೆಂದೂ, ಕಾಲಕ್ರಮದಲ್ಲಿ ಏಳುನೂರು ಮಂದಿ ಋಷಿಗಳು ಅದೇ ಆರಾಧನೆಯನ್ನು ಕೈಕೊಂಡರೆಂದೂ ಹೇಳಿ ಮುಗಿಯುತ್ತದೆ. ಚಂದ್ರಗುಪ್ತನ ಹೆಸರಾಗಲಿ, ಅರಸನೊಬ್ಬನ ಪ್ರಸ್ತಾಪವಾಗಲಿ ಈ ಶಾಸನದಲ್ಲಿ ಇಲ್ಲ, ಪ್ರಭಾಚಂದ್ರನೆಂಬ ಹೆಸರೊಂದಿದೆ. ವಾದವಿವಾದವೆಲ್ಲವೂ ಹುಟ್ಟಿದ್ದು ಈ ಹೆಸರಿನಿಂದ.

ರೈಸ್ ಮತ್ತು ಫ್ಲೀಟ್

ಬೆಂಗಳೂರಿನಲ್ಲಿಯೇ ಹುಟ್ಟಿ ಮೈಸೂರು ಸಂಸ್ಥಾನದ ಶಾಸನಸಂಪತ್ತನ್ನು ಲೋಕಕ್ಕೆ ತೆರೆದಿಟ್ಟ ಬಿ. ಎಲ್. ರೈಸ್ ಅವರು 1889ರಲ್ಲಿ ಶ್ರವಣಬೆಳಗೊಳದ 144 ಶಾಸನಗಳನ್ನು ಪ್ರಕಟಿಸಿದರು. ಅವರು ಆ ಹೆಸರನ್ನು ತೃತೀಯಾ ವಿಭಕ್ತಿಯಲ್ಲಿ ಓದಿಕೊಂಡು, ದೇಹತ್ಯಾಗ ಮಾಡಿದ ಆಚಾರ್ಯನು ಭದ್ರಬಾಹುವೆಂದೂ, ಜೊತೆಯಲ್ಲಿದ್ದ ಶಿಷ್ಯನು ಪ್ರಭಾಚಂದ್ರನೆಂದೂ, ಅದು ಚಂದ್ರಗುಪ್ತ ಮೌರ್ಯನ ದೀಕ್ಷಾನಾಮವೆಂದೂ ಪ್ರತಿಪಾದಿಸಿದರು. ಜೆ. ಎಫ್. ಫ್ಲೀಟ್ ಅವರು 1892ರಲ್ಲಿ ಇದನ್ನು ಪ್ರಬಲವಾಗಿ ವಿರೋಧಿಸಿದರು. ಹೆಸರು ಪ್ರಥಮಾ ವಿಭಕ್ತಿಯಲ್ಲಿದೆ, ಆದಕಾರಣ ಪ್ರಭಾಚಂದ್ರನೇ ದೇಹತ್ಯಾಗ ಮಾಡಿದ ಆಚಾರ್ಯನು. ವಿಶಾಖಾದಿಗಳ ತರುವಾಯ ಹೇಳಲ್ಪಟ್ಟ ಭದ್ರಬಾಹುಸ್ವಾಮಿಯು ಶ್ರುತಕೇವಲಿಯಲ್ಲ, ಬಹುಕಾಲದ ಅನಂತರ ಬಂದ ಎರಡನೆಯ ಭದ್ರಬಾಹು. ಪಟ್ಟಾವಳಿಗಳಲ್ಲಿ ಆತನ ಶಿಷ್ಯನೆಂದು ಕಾಣುವ ಗುಪ್ತಿಗುಪ್ತನೇ ಮುಂದೆ ಚಂದ್ರಗುಪ್ತನೆಂದು ಪರಿಣಮಿಸಿದನು ಎಂಬುದು ಅವರ ವಾದ. ಒಂದು ವಿಭಕ್ತಿಪ್ರತ್ಯಯದ ವ್ಯತ್ಯಾಸದಿಂದ ಸಮ್ರಾಟನೊಬ್ಬನು ಬೆಟ್ಟವನ್ನೇರುವನು ಅಥವಾ ಇಳಿಯುವನು ಎಂದರೆ, ಸವೆದ ಬಂಡೆಯ ಮುಂದೆ ಮಂಡಿಯೂರಿ ಪಡಿಯಚ್ಚು ತೆಗೆಯುವವನ ಹೊಣೆ ಎಷ್ಟು ದೊಡ್ಡದೆಂಬುದು ವ್ಯಕ್ತವಾಗುತ್ತದೆ.

ಅದೇ 1892ರಲ್ಲಿ ರೈಸ್ ಅವರು ಮೊಳಕಾಲ್ಮುರು ಸೀಮೆಯ ಬ್ರಹ್ಮಗಿರಿಯಲ್ಲಿ ಅಶೋಕನ ಶಾಸನವನ್ನು ಕಂಡುಹಿಡಿದುದು ಈ ಚರ್ಚೆಯ ಗತಿಯನ್ನು ಬದಲಿಸಿತು. ಮೌರ್ಯರಿಗೂ ಮೈಸೂರು ಸೀಮೆಗೂ ಸಂಬಂಧವಿದ್ದಿತೆಂಬುದು ಅಲ್ಲಿಯವರೆಗೆ ಊಹೆಯ ಮಾತಾಗಿದ್ದರೆ, ಅಂದಿನಿಂದ ಅದು ನಿಸ್ಸಂದಿಗ್ಧವಾದ ಸಂಗತಿಯಾಯಿತು. ಮೊದಲು ಈ ಐತಿಹ್ಯವನ್ನು ಒಪ್ಪದಿದ್ದ ವಿನ್ಸೆಂಟ್ ಸ್ಮಿತ್ ಅವರು ಮುಂದೆ ತಮ್ಮ ಗ್ರಂಥದ ಪರಿಷ್ಕೃತ ಮುದ್ರಣದಲ್ಲಿ ಒಪ್ಪುವ ಕಡೆಗೆ ವಾಲಿದರು. ಆದರೂ ಒಂದು ಸೂಕ್ಷ್ಮವನ್ನು ಮರೆಯಲಾಗದು: ಮೊಮ್ಮಗನ ಆಜ್ಞೆ ಕನ್ನಡನಾಡಿನ ಬಂಡೆಯ ಮೇಲೆ ದೊರೆತುದರಿಂದ ಅಜ್ಜನು ಮುನಿಯಾಗಿ ಇಲ್ಲಿಗೆ ಬರುವುದು ಶಕ್ಯವೆಂದಾಗುತ್ತದೆಯೇ ಹೊರತು, ಬಂದನೆಂದಾಗುವುದಿಲ್ಲ.

ನರಸಿಂಹಾಚಾರ್ಯರ ಪರಿಷ್ಕರಣ

ರೈಸ್ ಅವರ ಅನಂತರ 1906ರಲ್ಲಿ ಮೈಸೂರು ಸಂಸ್ಥಾನದ ಪುರಾತತ್ತ್ವ ಇಲಾಖೆಯ ಹೊಣೆಯನ್ನು ವಹಿಸಿಕೊಂಡ ಆರ್. ನರಸಿಂಹಾಚಾರ್ಯರು ಶ್ರವಣಬೆಳಗೊಳದ ಬೆಟ್ಟಗಳನ್ನೂ ಬಸದಿಗಳನ್ನೂ ಹೊಸದಾಗಿ ಶೋಧಿಸಿ, 144 ಶಾಸನಗಳಿದ್ದ ಸಂಪುಟವನ್ನು 500 ಶಾಸನಗಳ ಸಂಪುಟವಾಗಿ ಬೆಳೆಸಿ 1923ರಲ್ಲಿ ಹೊರತಂದರು. ಗುರುಸಮಾನರಾದ ಹಿರಿಯರ ಗ್ರಂಥವನ್ನು ನಿರಾಕರಿಸದೆ, ಅದರ ಪಾಠಗಳನ್ನು ಒಂದೊಂದಾಗಿ ಬಂಡೆಯೊಡನೆ ಹೋಲಿಸಿ ತಿದ್ದಿ ಪೂರ್ಣಗೊಳಿಸಿದ ಈ ಕಾರ್ಯವು ಕನ್ನಡ ಸಂಶೋಧನೆಯ ಶ್ರೇಷ್ಠ ನಿದರ್ಶನಗಳಲ್ಲಿ ಒಂದು. ಸುಮಾರು 650ರ ಕನ್ನಡ ಶಾಸನವೊಂದು ಭದ್ರಬಾಹು ಮತ್ತು ಚಂದ್ರಗುಪ್ತ ಎಂಬ ಮುನೀಂದ್ರರ ಜೋಡಿಯನ್ನು ಸ್ಮರಿಸಿ, ಅವರಿಂದ ಏಳಿಗೆಗೊಂಡಿದ್ದ ಧರ್ಮವು ಕ್ಷೀಣಿಸಿರಲು ಶಾಂತಿಸೇನಮುನಿಯು ಅದನ್ನು ಉದ್ಧರಿಸಿದನೆನ್ನುತ್ತದೆ. ಶ್ರೀರಂಗಪಟ್ಟಣದ ಬಳಿಯ, ಸುಮಾರು 900ರ ಶಾಸನಗಳು ಕಳ್ಬಪ್ಪಿನ ಶಿಖರದಲ್ಲಿ ಆ ಇಬ್ಬರ ಪಾದಚಿಹ್ನೆಗಳಿದ್ದುವೆಂದು ಹೇಳುತ್ತವೆ. ಇವುಗಳನ್ನು ತೂಗಿನೋಡಿದ ಆಚಾರ್ಯರು, ಪ್ರಮಾಣವು ನಿರ್ಣಾಯಕವಲ್ಲದಿದ್ದರೂ ವಿರುದ್ಧಪ್ರಮಾಣವು ದೊರೆಯುವವರೆಗೆ ಐತಿಹ್ಯವನ್ನು ಅಂಗೀಕರಿಸಬಹುದೆಂಬ ಸಂಯಮದ ನಿಲುವಿಗೆ ಬಂದರು.

ಕಾವ್ಯಗಳ ಚಂದ್ರಗುಪ್ತರು

ಗ್ರಂಥಸ್ಥವಾದ ಪರಂಪರೆಯನ್ನು ಕಾಲಾನುಕ್ರಮದಲ್ಲಿ ಇರಿಸಿಕೊಂಡು ನೋಡಿದರೆ, ಅದು ಏಕರೂಪವಾದುದಲ್ಲವೆಂಬುದು ಸ್ಪಷ್ಟ. 931ರ ಹರಿಷೇಣನ ಬೃಹತ್ಕಥಾಕೋಶದಲ್ಲಿ ಚಂದ್ರಗುಪ್ತನು ಉಜ್ಜಯಿನಿಯ ಅರಸು. ಆತನೇ ವಿಶಾಖಾಚಾರ್ಯನಾಗಿ ಸಂಘವನ್ನು ಪುನ್ನಾಟಕ್ಕೆ ಕರೆತರುತ್ತಾನೆ. ಭದ್ರಬಾಹುವಾದರೋ ಉತ್ತರದಲ್ಲಿಯೇ ಉಳಿದು ಸಮಾಧಿಯನ್ನು ಹೊಂದುತ್ತಾನೆ. ದೇವಚಂದ್ರನ ರಾಜಾವಳೀಕಥೆಯಲ್ಲಿ, ಎಂದರೆ 1838ರ ಹೊತ್ತಿಗೆ, ದೀಕ್ಷೆಗೊಂಡ ಚಂದ್ರಗುಪ್ತನು ಅಶೋಕನ ಮೊಮ್ಮಗನಾಗಿದ್ದಾನೆ. ಕಾಲಗಣನೆಯೂ ಇದರಂತೆಯೇ ತೊಡಕಿನದು. ಶ್ರುತಕೇವಲಿಯು ವೀರನಿರ್ವಾಣದ 162ನೆಯ ವರ್ಷದಲ್ಲಿ ತೀರಿಕೊಂಡನೆಂದು ದಿಗಂಬರರೂ 170ರಲ್ಲಿ ಎಂದು ಶ್ವೇತಾಂಬರರೂ ಹೇಳುತ್ತಾರೆ. ಮೌರ್ಯರಾಜ್ಯದ ಆರಂಭವನ್ನು ಒಂದು ಗಣನೆ 215ಕ್ಕೆ ಹೊಂದಿಸಿದರೆ ಹೇಮಚಂದ್ರನು 155ಕ್ಕೆ ಹೊಂದಿಸುತ್ತಾನೆ. ಮೊದಲನೆಯದರಂತೆ ಗುರುಶಿಷ್ಯರು ಸಮಕಾಲೀನರೇ ಅಲ್ಲ. ಎರಡನೆಯದರಂತೆ ಸಮಕಾಲೀನರಾದರೂ ಗುರುವು ಶಿಷ್ಯನ ಪಟ್ಟಾಭಿಷೇಕವಾದ 15ನೆಯ ವರ್ಷದಲ್ಲಿಯೇ ತೀರಿಕೊಳ್ಳುತ್ತಾನೆ. ಪುರಾಣಗಳಾದರೋ ಚಂದ್ರಗುಪ್ತನಿಗೆ 24 ವರ್ಷಗಳ ಆಳಿಕೆಯನ್ನು ಹೇಳುತ್ತವೆ.

ಹೀಗೆ ಸಾಕ್ಷ್ಯಗಳನ್ನು ಪದರಪದರವಾಗಿ ಬಿಡಿಸಿದಾಗ ಐತಿಹ್ಯದ ಬೆಳವಣಿಗೆಯೇ ಒಂದು ಇತಿಹಾಸವಾಗಿ ಗೋಚರಿಸುತ್ತದೆ. ಫ್ಲೀಟ್ ಅವರ ಪಾಠದಂತೆ ಆರುನೂರರ ಶಾಸನದಲ್ಲಿ ಹೆಸರಿಲ್ಲದ ಶಿಷ್ಯನಿದ್ದಾನೆ. ಐವತ್ತು ವರ್ಷಗಳ ತರುವಾಯ ಮುನಿಯಾದ ಚಂದ್ರಗುಪ್ತನಿದ್ದಾನೆ, ಆದರೆ ಅರಸನಿಲ್ಲ. ಹತ್ತನೆಯ ಶತಮಾನದ ಗ್ರಂಥದಲ್ಲಿ ಅರಸನಿದ್ದಾನೆ. ಹನ್ನೆರಡನೆಯ ಶತಮಾನದ ಹೊತ್ತಿಗೆ ದಾಸೋಜನೆಂಬ ರೂವಾರಿಯು ಚಂದ್ರಗುಪ್ತ ಬಸದಿಯ ಕಲ್ಲಿನ ಜಾಲಂಧ್ರಗಳಲ್ಲಿ ಗುರುಶಿಷ್ಯರ ಚರಿತೆಯನ್ನು 90 ದೃಶ್ಯಗಳಾಗಿ ಕಂಡರಿಸಿದ್ದಾನೆ.

ಪ್ರಶ್ನೆಯ ಬದಲಾವಣೆ

ಅನಂತರದ ವಿದ್ವಾಂಸರು ಪ್ರಶ್ನೆಯನ್ನೇ ಬೇರೆಡೆಗೆ ತಿರುಗಿಸಿದರು. ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ಅಧ್ಯಯನ ಸಂಸ್ಥೆಯು 1973ರಲ್ಲಿ 573 ಶಾಸನಗಳ ಪರಿಷ್ಕೃತ ಸಂಪುಟವನ್ನು ಪ್ರಕಟಿಸಿತು, ಷ. ಶೆಟ್ಟರ್ ಅವರು, ಸಮ್ರಾಟನು ಬಂದನೇ ಇಲ್ಲವೇ ಎಂಬುದಕ್ಕಿಂತ, ಅಷ್ಟೊಂದು ಮಂದಿ ಈ ಬೆಟ್ಟದ ಮೇಲೆ ಮರಣವನ್ನು ಸ್ವಾಗತಿಸಿದುದೇಕೆ, ಆ ವ್ರತದ ಕ್ರಮವೇನು ಎಂಬುದನ್ನು ನಿಸಿಧಿ ಶಾಸನಗಳಿಂದಲೇ ಶೋಧಿಸಿದರು. ಆಗ ಅರಸನ ನೆರಳಿನಲ್ಲಿ ಮರೆಯಾಗಿದ್ದವರು ಬೆಳಕಿಗೆ ಬಂದರು. ಚಿತ್ತೂರಿನ ಮೌನಿಗುರವಡಿಗಳ ಶಿಷ್ಯೆಯಾದ ನಾಗಮತಿ ಗಂತಿಯರು ಮೂರು ತಿಂಗಳು ನೋಂತು ಇಲ್ಲಿ ಮುಡಿಪಿದರೆಂದು ಹೇಳುವ ಚಿಕ್ಕ ಶಾಸನದ ಮುಂದೆ ನಿಂತಾಗ, ಈ ಗಿರಿಯ ಮಹಿಮೆಗೆ ಸಮ್ರಾಟನೊಬ್ಬನ ಹಂಗು ಬೇಕಿಲ್ಲವೆಂದು ನನಗೆ ದೃಢವಾಗಿ ಅನಿಸಿತು.

ಐತಿಹ್ಯವನ್ನು ವಿಮರ್ಶಿಸುವುದು ಶ್ರದ್ಧೆಗೆ ಎಸಗುವ ಅಪಚಾರವಲ್ಲ. ರೈಸ್ ಅವರ ಪಾಠವನ್ನು ಫ್ಲೀಟ್ ಅವರು ತಿದ್ದದಿದ್ದರೆ, ಇಬ್ಬರನ್ನೂ ನರಸಿಂಹಾಚಾರ್ಯರು ಮತ್ತೆ ತೂಗದಿದ್ದರೆ, ಬಂಡೆಯು ನಿಜವಾಗಿ ಏನನ್ನು ಹೇಳಿತೆಂಬುದೇ ನಮಗೆ ತಿಳಿಯುತ್ತಿರಲಿಲ್ಲ. ಹಿಂದಿರುಗಿ ಹೋಗುವಾಗ ಹಿರೀಸಾವೆಯ ದಾರಿಯುದ್ದಕ್ಕೂ ನನ್ನನ್ನು ಕಾಡಿದವನು ತಣ್ಣನೆಯ ಶಿಲೆಯ ಬಳಿ ಗುರುವಿನ ಪಕ್ಕದಲ್ಲಿ ಒಬ್ಬನೇ ಉಳಿದ ಆ ಶಿಷ್ಯ. ಆತನು ಯಾರೆಂಬುದನ್ನು ಶಾಸನವು ಹೇಳಲಿಲ್ಲ. ಕಿರೀಟವನ್ನು ತೊರೆದು ಬಂದವನಿರಲಿ, ಗುಡಿಸಲನ್ನು ತೊರೆದು ಬಂದವನಿರಲಿ, ಆತನು ಅಲ್ಲಿ ಉಳಿದನು ಎಂಬಷ್ಟನ್ನೇ ಬಂಡೆಯು ಬರೆದಿಟ್ಟಿದೆ. ಅಷ್ಟನ್ನು ಕೆಡಿಸದೆ ಮುಂದಿನವರಿಗೆ ಒಪ್ಪಿಸುವುದು ನಮ್ಮ ಕರ್ತವ್ಯ.