ಕೊಂಬೆಯ ಮೇಲೆ ಬೆಳಕು, ಕಾಲಡಿಯಲ್ಲಿ ಕತ್ತಲೆ: ಇಂದಿರಾನಗರದ ಬೀದಿದೀಪ ಮತ್ತು ಇರುಳಿನ ಪರಿಸರ

ಶಿವನಸಮುದ್ರದ ಜಲವಿದ್ಯುತ್ತಿನಿಂದ ಬೆಂಗಳೂರಿನಲ್ಲಿ ಬೀದಿದೀಪ ಹೊತ್ತಿದ್ದು 1905ರಲ್ಲಿ. ರಸ್ತೆಗೆ ದೀಪ ಸಾಲದು ಎಂಬ ದೂರು ಇಂದಿಗೂ ನಿಂತಿಲ್ಲ. ನಗರದ ಇಂದಿರಾನಗರ ಬಡಾವಣೆಯಲ್ಲಿ ಈ ದೂರಿನ ಜೊತೆಗೇ ಅದಕ್ಕೆ ವಿರುದ್ಧವಾದ ಸ್ಥಿತಿಯೂ ಇದೆ. ನೂರಡಿ ರಸ್ತೆ ಮತ್ತು 12ನೇ ಮೇನ್‌ನ ಅಂಗಡಿ, ಪಬ್‌ಗಳ ಗಾಜಿನ ಮುಖಗಳು ವಹಿವಾಟು ಮುಗಿದ ಮೇಲೂ ಬೆಳಗುತ್ತಿರುತ್ತವೆ. ಅಡ್ಡರಸ್ತೆಗಳಲ್ಲಿ ಹಲವು ಕಂಬಗಳ ದೀಪ ಮಳೆಮರದ ಕೊಂಬೆಗಳ ಮೇಲ್ಗಡೆಯಿದ್ದು, ಎಲೆಯೆಲ್ಲ ಬೆಳಗಿ ಫುಟ್‌ಪಾತು ಮಾತ್ರ ಕತ್ತಲಲ್ಲಿ ಉಳಿಯುತ್ತದೆ. ಇಲ್ಲಿನ ತೊಡಕು ಬೆಳಕಿನ ಪ್ರಮಾಣಕ್ಕಿಂತ ಅದರ ದಿಕ್ಕು, ಬಣ್ಣ ಮತ್ತು ಹೊತ್ತಿಗೆ ಸೇರಿದ್ದು. ಪರಿಸರಕ್ಕೆ ಹಾನಿ ಮಾಡುವ ಬೆಳಕೇ ಬಹುಪಾಲು ಪಾದಚಾರಿಗೂ ಉಪಯೋಗಕ್ಕೆ ಬಾರದ ಬೆಳಕು ಎಂಬುದು ಈ ಲೇಖನದ ವಾದ.

ಬಿಳಿ ಎಲ್‌ಇಡಿಯ ಬೆಳಕಿನಲ್ಲಿ ಸುಮಾರು 450 ನ್ಯಾನೋಮೀಟರ್ ತರಂಗಾಂತರದ ನೀಲಿ ಅಂಶ ಪ್ರಬಲವಾಗಿರುತ್ತದೆ. ಗಾಳಿಯ ಅಣುಗಳು ಇದನ್ನು 600 ನ್ಯಾನೋಮೀಟರಿನ ಕಿತ್ತಳೆ ಬೆಳಕಿಗಿಂತ ಮೂರು ಪಟ್ಟು ಹೆಚ್ಚು ಚದುರಿಸುವುದರಿಂದ ಆಕಾಶ ಮಂಕಾಗಿ ಬೆಳಗುತ್ತದೆ. ಆದರೆ ನಷ್ಟ ನಕ್ಷತ್ರ ನೋಡುವವರದಷ್ಟೇ ಅಲ್ಲ. ಸ್ವಿಟ್ಜರ್ಲೆಂಡಿನ ಹುಲ್ಲುಗಾವಲುಗಳಲ್ಲಿ ನಡೆದು 2017ರಲ್ಲಿ ಪ್ರಕಟವಾದ ಪ್ರಯೋಗದಲ್ಲಿ, ದೀಪ ಹಾಕಿದ ಕಡೆ ಹೂಗಳಿಗೆ ಇರುಳಿನ ಕೀಟಗಳ ಭೇಟಿ ಶೇ. 62ರಷ್ಟು ಇಳಿಯಿತು, ಹಗಲಿನ ಕೀಟಗಳು ಆ ಕೊರತೆ ತುಂಬಲಿಲ್ಲ. ಈ ಅಂಕಿಯನ್ನು ಇಂದಿರಾನಗರಕ್ಕೆ ಹಾಗೆಯೇ ಹೊಂದಿಸಲಾಗದು. ಆದರೂ ಇರುಳಲ್ಲಿ ಅರಳಿ ಪತಂಗಗಳನ್ನು ಕಾಯುವ ಆಕಾಶಮಲ್ಲಿಗೆಯಂಥ ಮರಗಳಿರುವ ಊರಿನಲ್ಲಿ ಅದನ್ನು ಕಡೆಗಣಿಸುವಂತಿಲ್ಲ.

ಬೆಳಕು ತಗ್ಗಿಸಿದರೆ ಹೆಂಗಸರ ಸುರಕ್ಷತೆಯ ಗತಿಯೇನು ಎಂಬ ಆಕ್ಷೇಪ ಗಂಭೀರವಾದದ್ದು. ನ್ಯೂಯಾರ್ಕಿನ ವಸತಿ ಸಮುಚ್ಚಯಗಳಲ್ಲಿ 2016ರಲ್ಲಿ ಹೆಚ್ಚುವರಿ ದೀಪ ಹಾಕಿದಾಗ ರಾತ್ರಿಯ ಹೊರಾಂಗಣ ಅಪರಾಧಗಳು ಇಳಿದವು. ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ ಬೀದಿದೀಪ ತಗ್ಗಿಸಿದ್ದರಿಂದ ಅಪರಾಧ ಹೆಚ್ಚಿತು ಎನ್ನಲು 2015ರ ಅಧ್ಯಯನದಲ್ಲಿ ಪುರಾವೆ ಸಿಗಲಿಲ್ಲ. ಎರಡನ್ನೂ ಒಟ್ಟಿಗೆ ಓದಿದರೆ, ಎಲ್ಲೆಡೆ ದೀಪ ಆರಿಸುವುದೂ ಸರಿಯಲ್ಲ, ಎಲ್ಲೆಡೆ ಹೆಚ್ಚಿಸುವುದೂ ಸರಿಯಲ್ಲ. ಕಣ್ಣು ಕೋರೈಸುವ ದೀಪದ ಪಕ್ಕದ ನೆರಳಲ್ಲಿ ನಿಂತವರು ಕಾಣುವುದೇ ಇಲ್ಲ. ಆದ್ದರಿಂದ ಮರಗಳಿರುವ ಅಡ್ಡರಸ್ತೆಗಳಲ್ಲಿ ದೀಪವನ್ನು ಕೊಂಬೆಗಳ ಕೆಳಕ್ಕೆ ಇಳಿಸಿ, ಮೇಲಕ್ಕೆ ಸೋರದಂತೆ ಮರೆ ಕೊಟ್ಟು, ಹಳದಿ ಛಾಯೆಯ ಬಲ್ಬು ಹಾಕಬೇಕು. ಮರ ಸವರುವುದಕ್ಕಿಂತ ಇದೇ ಲೇಸು. ಇದರ ಜೊತೆಗೆ ಅಂಗಡಿಗಳ ಫಲಕದ ದೀಪವನ್ನು ವಹಿವಾಟು ಮುಗಿದ ಮೇಲೆ ಆರಿಸಬೇಕು. ಹಾಗೆ ಆರಿಸಿದರೆ ವ್ಯಾಪಾರಕ್ಕೆ ಪೆಟ್ಟು ಎನ್ನುವವರಿಗೆ ಉತ್ತರ ಸರಳ: ಬಾಗಿಲು ಹಾಕಿದ ಅಂಗಡಿಯ ಫಲಕ ಗಿರಾಕಿಯನ್ನು ಒಳಗೆ ಕರೆಯಲಾರದು. ಟ್ರೇಡ್ ಲೈಸೆನ್ಸಿನ ಷರತ್ತಿಗೆ ಫಲಕದ ದೀಪ ಆರಿಸುವ ಹೊತ್ತನ್ನೂ ಸೇರಿಸಿದರೆ, ಬೀದಿದೀಪ ಒಂದನ್ನೂ ಆರಿಸದೆ ಮೊದಲ ಹೆಜ್ಜೆ ಇಡಬಹುದು.