ದತ್ತುಮಗನಿಗೆ ಅಪ್ಪನ ನೌಕರಿ ಸಲ್ಲುವುದೇ?

ಉತ್ತರ ಕರ್ನಾಟಕದಲ್ಲಿ ನಾಲ್ಕನೇ ದರ್ಜೆಯ ಸರ್ಕಾರಿ ನೌಕರರೊಬ್ಬರು 2010ರಲ್ಲಿ ತಮ್ಮ ಮಗನನ್ನು ಕಳೆದುಕೊಂಡರು. ಮರುವರ್ಷ ಮತ್ತೊಬ್ಬನನ್ನು ದತ್ತು ಪಡೆದು ಪತ್ರ ಮಾಡಿಸಿದರು. 2018ರಲ್ಲಿ ಅವರೂ ತೀರಿಕೊಂಡರು. ಅನುಕಂಪದ ಆಧಾರದ ಮೇಲೆ ನೌಕರಿ ಕೋರಿ ದತ್ತುಮಗ ಅರ್ಜಿ ಹಾಕಿದ. ನಿಯಮಗಳಲ್ಲಿ ದತ್ತುಮಕ್ಕಳ ಪ್ರಸ್ತಾಪವೇ ಇಲ್ಲವೆಂದು ಇಲಾಖೆ ಅದನ್ನು ತಿರಸ್ಕರಿಸಿತು.

ದತ್ತಕದ ತಕರಾರು ಈ ನಾಡಿಗೆ ಹೊಸದಲ್ಲ. ಕಿತ್ತೂರಿನ ದೊರೆ ಶಿವಲಿಂಗರುದ್ರಸರ್ಜ 1824ರಲ್ಲಿ ತೀರಿಕೊಂಡಾಗ, ಆತನ ದತ್ತುಮಗನನ್ನು ಧಾರವಾಡದ ಕಲೆಕ್ಟರ್ ಥ್ಯಾಕರೆ ಒಪ್ಪಲಿಲ್ಲ. ರಾಣಿ ಚೆನ್ನಮ್ಮ ಕತ್ತಿ ಹಿಡಿದದ್ದು ಆಗಲೇ. ಮುಂದೆ ಡಾಲ್‌ಹೌಸಿ ಇದೇ ನೆಪದಲ್ಲಿ ಸಾತಾರ, ಝಾನ್ಸಿ, ನಾಗಪುರಗಳನ್ನು ನುಂಗಿದ. 1857ರ ಬಂಡಾಯದ ನಂತರ ಬ್ರಿಟಿಷರ ಧೋರಣೆ ಬದಲಾಯಿತು. ಮುಮ್ಮಡಿ ಕೃಷ್ಣರಾಜ ಒಡೆಯರು 1865ರಲ್ಲಿ ದತ್ತು ಪಡೆದ ಚಾಮರಾಜೇಂದ್ರರಿಗೆ 1881ರಲ್ಲಿ ಮೈಸೂರಿನ ಆಡಳಿತ ಮರಳಿತು.

ಸಿಂಹಾಸನದ ಮಾತು ಹಾಗಿರಲಿ, ಹಳ್ಳಿಯ ಪಟೇಲಿಕೆ, ಶಾನುಭೋಗಿಕೆಗಳೂ ವಂಶಪಾರಂಪರ್ಯವಾಗಿಯೇ ಬರುತ್ತಿದ್ದವು. ಹುದ್ದೆಯೂ ಹೊಲಮನೆಯಂತೆ ಒಂದು ಆಸ್ತಿಯಾಗಿತ್ತು. ಸಂವಿಧಾನ ಈ ಪದ್ಧತಿಯ ಬುಡಕ್ಕೇ ಕೊಡಲಿ ಹಾಕಿತು. ವಂಶದ ಆಧಾರದ ಮೇಲೆ ಸರ್ಕಾರಿ ಹುದ್ದೆಯಲ್ಲಿ ಭೇದ ಸಲ್ಲದೆಂದು 16ನೇ ವಿಧಿ ಹೇಳುತ್ತದೆ. ಆಂಧ್ರದ ಗ್ರಾಮಾಧಿಕಾರಿ ಹುದ್ದೆಯೊಂದರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಎತ್ತಿಹಿಡಿಯಿತು. ನಮ್ಮ ರಾಜ್ಯದಲ್ಲಿ ಗ್ರಾಮ ಹುದ್ದೆಗಳನ್ನು ರದ್ದುಪಡಿಸುವ ಕಾಯ್ದೆ 1961ರಲ್ಲಿ ಬಂತು.

ಹಾಗಾದರೆ ಅನುಕಂಪದ ನೌಕರಿ ಎಲ್ಲಿಂದ ಬಂತು? ಅದು ಉತ್ತರಾಧಿಕಾರವಲ್ಲ. ದುಡಿಯುವ ಕೈ ದಿಢೀರನೆ ಇಲ್ಲವಾದಾಗ ಕುಟುಂಬ ಬೀದಿಗೆ ಬೀಳದಿರಲೆಂದು ಮಾಡಿದ ವಿನಾಯಿತಿ. ಸುಪ್ರೀಂ ಕೋರ್ಟ್ 1994ರಲ್ಲಿ ಇದನ್ನು ಸ್ಪಷ್ಟಪಡಿಸಿತು. 1996ರಲ್ಲಿ ಕರ್ನಾಟಕದ ನಿಯಮಗಳು ಬಂದವು. ಕುಟುಂಬವೆಂದರೆ ಯಾರು ಎಂಬ ವ್ಯಾಖ್ಯೆಯಲ್ಲಿ ಮಗ, ಮಗಳು ಎಂದಷ್ಟೇ ಇತ್ತು.

ಗೊಂದಲಕ್ಕೆ ಎಡೆಯಾದದ್ದು ಇಲ್ಲಿಯೇ. 1956ರ ಹಿಂದೂ ದತ್ತಕ ಮತ್ತು ಜೀವನಾಂಶ ಕಾಯ್ದೆಯ 12ನೇ ಕಲಮಿನ ಪ್ರಕಾರ, ದತ್ತಕವಾದ ದಿನದಿಂದ ಮಗು ಎಲ್ಲ ಉದ್ದೇಶಗಳಿಗೂ ದತ್ತು ಪಡೆದವರದೇ ಮಗು. ಹೆತ್ತ ಮನೆಯ ನಂಟು ಕಾನೂನಿನ ದೃಷ್ಟಿಯಲ್ಲಿ ಕಡಿದುಹೋಗುತ್ತದೆ. ಅಂದಮೇಲೆ ಸಾಕಿದ ತಂದೆ ಸತ್ತರೆ ಆ ಮಗುವಿಗೆ ಬೇರೆ ಆಸರೆ ಎಲ್ಲಿ? ಆಸ್ತಿಗೆ ಮಗನಾದವನು ಅನ್ನಕ್ಕೆ ಮಾತ್ರ ಹೊರಗಿನವನಾಗುವುದು ವಿಚಿತ್ರವೇ ಸರಿ.

ಸರ್ಕಾರ 2021ರಲ್ಲಿ ನಿಯಮ ತಿದ್ದಿ, ದತ್ತುಮಗ ಮತ್ತು ದತ್ತುಮಗಳನ್ನು ಕುಟುಂಬದೊಳಕ್ಕೆ ಸೇರಿಸಿತು. ಆದರೆ ಅದಕ್ಕೆ ಮೊದಲೇ ತಂದೆಯನ್ನು ಕಳೆದುಕೊಂಡಿದ್ದ ಆ ಯುವಕನಿಗೆ ಹೈಕೋರ್ಟಿನ ಏಕಸದಸ್ಯ ಪೀಠದಲ್ಲೂ ಸೋಲಾಯಿತು. ಮೇಲ್ಮನವಿ ಆಲಿಸಿದ ನ್ಯಾಯಮೂರ್ತಿಗಳಾದ ಸೂರಜ್ ಗೋವಿಂದರಾಜ್ ಮತ್ತು ಜಿ. ಬಸವರಾಜ ಅವರ ಧಾರವಾಡದ ವಿಭಾಗೀಯ ಪೀಠ 2022ರ ನವೆಂಬರ್‌ನಲ್ಲಿ ಆ ಆದೇಶವನ್ನು ಬದಿಗೊತ್ತಿತು. ದತ್ತುಪಡೆದರೂ ಮಗ ಮಗನೇ, ಮಗಳು ಮಗಳೇ. ಭೇದ ಮಾಡಿದರೆ ಸಂವಿಧಾನದ 14ನೇ ವಿಧಿಗೆ ಭಂಗ ಎಂದ ಪೀಠ, ಅರ್ಜಿಯನ್ನು ಮತ್ತೆ ಪರಿಶೀಲಿಸುವಂತೆ ಸೂಚಿಸಿತು.

ಹಾಗೆಂದು ದತ್ತಕ ನೌಕರಿಗೆ ಅಡ್ಡದಾರಿಯಾಗಬಾರದು. ನೌಕರ ಬದುಕಿದ್ದಾಗಲೇ ದತ್ತಕ ಕಾನೂನುಬದ್ಧವಾಗಿ ಆಗಿರಬೇಕು, ಮಗು ಅವರನ್ನೇ ಅವಲಂಬಿಸಿರಬೇಕು. ನೋಂದಾಯಿತ ದತ್ತಕ ಪತ್ರವಿದ್ದರೆ, ಸುಳ್ಳೆಂದು ಸಾಬೀತಾಗುವವರೆಗೂ ಕಾನೂನು ಅದನ್ನು ನಂಬುತ್ತದೆ. ಎಷ್ಟೋ ಮನೆಗಳಲ್ಲಿ ಮಗುವನ್ನು ಮಡಿಲಿಗೆ ಹಾಕಿಕೊಂಡ ಶಾಸ್ತ್ರದ ಫೋಟೋ ಮಾತ್ರ ಉಳಿದಿರುತ್ತದೆ, ಪತ್ರವಿರುವುದಿಲ್ಲ. ಅಂಥವರು ದತ್ತಕವನ್ನು ಸಾಬೀತುಪಡಿಸಲು ಸಾಕ್ಷಿಗಳನ್ನು ಹುಡುಕಿಕೊಂಡು ಕೋರ್ಟಿಗೆ ಅಲೆಯಬೇಕಾಗುತ್ತದೆ. ಅನುಕಂಪದ ನೌಕರಿಗಾದರೋ ಕಾಲ ಕಾಯುವುದಿಲ್ಲ.