ಗೈ ಮ್ಯಾಡಿನ್
ಗೈ ಮ್ಯಾಡಿನ್ (ಜನನ 1956): ಕೆನಡಾದ ಪ್ರಯೋಗಶೀಲ ಚಲನಚಿತ್ರ ನಿರ್ದೇಶಕ. ಮ್ಯಾನಿಟೋಬ ಪ್ರಾಂತದ ರಾಜಧಾನಿ ವಿನಿಪೆಗ್‌ನಲ್ಲಿ ಜನಿಸಿದ ಈತ ಅಲ್ಲಿನ ವಿಶ್ವವಿದ್ಯಾನಿಲಯದಲ್ಲಿ ಅರ್ಥಶಾಸ್ತ್ರ ಓದಿದ. ಮೊದಲ ಪೂರ್ಣಾವಧಿ ಚಿತ್ರ ಟೇಲ್ಸ್ ಫ್ರಮ್ ದ ಗಿಮ್ಲಿ ಹಾಸ್ಪಿಟಲ್ (1988). ಮೂಕಿ ಯುಗದ ಚಿತ್ರಗಳ ಮಸುಕು ಬೆಳಕು, ಶೀರ್ಷಿಕೆ ಫಲಕಗಳು, ಅತಿನಾಟಕೀಯ ಕಥನ ಈತನ ಶೈಲಿಯ ಗುರುತುಗಳು.

ಹುಟ್ಟೂರನ್ನು ಕುರಿತ ಮೈ ವಿನಿಪೆಗ್ (2007) ಈತನ ಪ್ರಸಿದ್ಧ ಕೃತಿ. ಸಾಕ್ಷ್ಯಚಿತ್ರ ವಾಹಿನಿಯೊಂದರ ಕೋರಿಕೆಯ ಮೇರೆಗೆ ತಯಾರಾದ ಈ ಬಹುಪಾಲು ಕಪ್ಪುಬಿಳುಪು ಚಿತ್ರವನ್ನು ಮ್ಯಾಡಿನ್ ಸಾಕ್ಷ್ಯ ಮತ್ತು ಭ್ರಮೆಗಳ ಬೆರಕೆಯೆಂದು ಕರೆದಿದ್ದಾನೆ. ನಿರೂಪಣೆಯ ದನಿ ಆತನದೇ. ತಾಯಿಯ ಪಾತ್ರದಲ್ಲಿ ಹಾಲಿವುಡ್ ನಟಿ ಆ್ಯನ್ ಸ್ಯಾವೇಜ್ ಅಭಿನಯಿಸಿದ್ದಾಳೆ. ಊರು ಬಿಡಲು ಹೊರಟವನ ರೈಲುಪ್ರಯಾಣದ ಚೌಕಟ್ಟಿನೊಳಗೆ ಬಾಲ್ಯದ ಮನೆ, ನೆಲಸಮವಾದ ಈಟನ್ಸ್ ಮಳಿಗೆ ಮತ್ತು ಹಾಕಿ ಕ್ರೀಡಾಂಗಣ, ಹಿಮದ ನದಿಗಳು ಬರುತ್ತವೆ. ಯುದ್ಧಸಾಲದ ಪ್ರಚಾರಕ್ಕಾಗಿ 1942ರಲ್ಲಿ ನಗರದಲ್ಲಿ ನಡೆದ ನಾಜಿ ಆಕ್ರಮಣದ ಅಣಕು ಪ್ರದರ್ಶನ ನಿಜ ಘಟನೆ. ನದಿಯ ಮಂಜುಗಡ್ಡೆಯಲ್ಲಿ ಹೆಪ್ಪುಗಟ್ಟಿದ ಕುದುರೆಗಳ ತಲೆಗಳಂಥ ದೃಶ್ಯಗಳು ದಂತಕಥೆಯ ಸ್ವರೂಪದವು. ಇವೆರಡನ್ನೂ ಒಂದೇ ಗಾಂಭೀರ್ಯದಿಂದ ಹೇಳುವುದು ಚಿತ್ರದ ತಂತ್ರ.

ಟೊರಾಂಟೊ ಚಿತ್ರೋತ್ಸವದಲ್ಲಿ ಇದು ಅತ್ಯುತ್ತಮ ಕೆನಡಿಯನ್ ಕಥಾಚಿತ್ರ ಪ್ರಶಸ್ತಿ ಪಡೆಯಿತು. ಅನಂತರದ ದ ಗ್ರೀನ್ ಫಾಗ್ (2017), ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಚಿತ್ರಿತವಾದ ಹಳೆಯ ಸಿನಿಮಾ ಹಾಗೂ ದೂರದರ್ಶನ ತುಣುಕುಗಳ ಜೋಡಣೆ. 2012ರಲ್ಲಿ ಮ್ಯಾಡಿನ್‌ಗೆ ಆರ್ಡರ್ ಆಫ್ ಕೆನಡಾ ಗೌರವ ದೊರೆಯಿತು.